ಕೂತು ಮಾತಾಡುವ ಹೆಂಗಸರು ಮತ್ತು ದೀಪಾ ಧನರಾಜ್ ಅವರ ಕ್ಯಾಮೆರಾ

ದೀಪಾ ಧನರಾಜ್ ಅವರ ಸಾಕ್ಷ್ಯಚಿತ್ರಗಳನ್ನು ಒಂದಾದ ಮೇಲೊಂದು ನೋಡುತ್ತ ಹೋದರೆ ಒಂದು ದೃಶ್ಯ ಮತ್ತೆ ಮತ್ತೆ ಎದುರಾಗುತ್ತದೆ. ಹೆಂಗಸರು ಸುತ್ತ ಕೂತು ಮಾತಾಡುತ್ತಿರುತ್ತಾರೆ. ಒಬ್ಬಳು ಹೇಳುತ್ತಿರುವಾಗ ಇನ್ನೊಬ್ಬಳು ನಡುವೆ ಬಾಯಿ ಹಾಕುತ್ತಾಳೆ, ಮೂರನೆಯವಳು ಹಾಗಲ್ಲ ಹೀಗೆ ಎಂದು ತಿದ್ದುತ್ತಾಳೆ, ಯಾರೋ ನಗುತ್ತಾರೆ, ಮಾತು ಎಲ್ಲೆಲ್ಲೋ ಸುತ್ತಾಡಿ ಹೊರಟಲ್ಲಿಗೇ ಬಂದು ಮುಂದೆ ಸಾಗುತ್ತದೆ. ಕ್ಯಾಮೆರಾ ಅವಸರ ಮಾಡುವುದಿಲ್ಲ. ಮಾತಾಡುವವಳ ಮುಖದಷ್ಟೇ ಹೊತ್ತು ಕೇಳುವವಳ ಮುಖದ ಮೇಲೂ ನಿಲ್ಲುತ್ತದೆ.

ವಿಡಿಯೊ ಎಡಿಟಿಂಗ್ ನನ್ನ ಹೊಟ್ಟೆಪಾಡು. ಇಂಥ ದೃಶ್ಯ ತೆಗೆಯುವುದು ಎಷ್ಟು ಕಷ್ಟ, ಕತ್ತರಿಸಿ ಜೋಡಿಸುವುದು ಇನ್ನೆಷ್ಟು ಕಷ್ಟ ಎಂಬುದು ಆ ಕೆಲಸ ಮಾಡಿದವರಿಗೆ ಗೊತ್ತು. ಮಾತು ಮಾತಿನ ಮೇಲೆ ಬೀಳುತ್ತದೆ. ಒಬ್ಬಳ ವಾಕ್ಯ ಇನ್ನೊಬ್ಬಳ ಬಾಯಲ್ಲಿ ಮುಗಿಯುತ್ತದೆ. ಎಲ್ಲಿ ಕತ್ತರಿ ಇಟ್ಟರೂ ಯಾರೋ ಒಬ್ಬರ ದನಿ ಅರ್ಧಕ್ಕೇ ನಿಲ್ಲುತ್ತದೆ. ಒಬ್ಬರನ್ನೇ ಕಿಟಕಿಯ ಬೆಳಕಿಗೆ ಕೂರಿಸಿ, ಕಾಲರ್ ಮೈಕ್ ಸಿಕ್ಕಿಸಿ, 'ನಿಮ್ಮ ಕಥೆ ಹೇಳಿ' ಎಂದರೆ ಕೆಲಸ ಸಲೀಸು. ದೀಪಾ ಅವರು ನಾಲ್ಕು ದಶಕದಿಂದ ಕಷ್ಟದ ದಾರಿಯನ್ನೇ ಹಿಡಿದಿದ್ದಾರೆ. ಅವರ ಕೆಲಸದ ಜೀವ ಇರುವುದೇ ಅಲ್ಲಿ ಎಂದು ನಾನು ನಂಬಿದ್ದೇನೆ.

ಅವರು ಬೆಂಗಳೂರಿನವರು. 1980ರಲ್ಲಿ ಇದೇ ಊರಿನಲ್ಲಿ ಆಭಾ ಭೈಯಾ, ಮೀರಾ ರಾವ್, ಛಾಯಾಗ್ರಾಹಕ ನವ್ರೋಜ್ ಕಾಂಟ್ರಾಕ್ಟರ್ ಅವರ ಜೊತೆ ಸೇರಿ 'ಯುಗಾಂತರ' ಎಂಬ ಚಿತ್ರ ತಂಡ ಕಟ್ಟಿದರು. ಸರ್ಕಾರದ ಫಿಲ್ಮ್ಸ್ ಡಿವಿಷನ್‌ನವರ ಚಿತ್ರಗಳು ಸಿನಿಮಾ ಟಾಕೀಸಿನಲ್ಲಿ ದೊಡ್ಡ ಚಿತ್ರಕ್ಕೂ ಮೊದಲು ಓಡುತ್ತಿದ್ದ ಕಾಲ ಅದು. ಅಣೆಕಟ್ಟು, ಗೊಬ್ಬರ ಕಾರ್ಖಾನೆ, ನೆರೆಹಾವಳಿ, ಅದರ ಮೇಲೊಂದು ಗಂಭೀರ ಗಂಡುದನಿ. ಜನ ಆ ಚಿತ್ರಗಳಲ್ಲೂ ಇರುತ್ತಿದ್ದರು, ಆದರೆ ಅವರ ಪರವಾಗಿ ಆ ದನಿಯೇ ಮಾತಾಡಿಬಿಡುತ್ತಿತ್ತು. ಯುಗಾಂತರದವರು 1981ರಿಂದ 1983ರ ಒಳಗೆ ನಾಲ್ಕು ಚಿತ್ರ ಮಾಡಿದರು. ಅವುಗಳಲ್ಲಿ ಎರಡನೆಯದು ನಮ್ಮ ನಿಪ್ಪಾಣಿಯದು.

ನಮ್ಮ ನಿಪ್ಪಾಣಿ ಎಂದೆ, ಯಾಕೆಂದರೆ ನಾನು ಚಿಕ್ಕೋಡಿ ಕಡೆಯವಳು. ಬೆಳಗಾವಿ ಜಿಲ್ಲೆಯ ಆ ತುದಿಯಲ್ಲಿ ಮನೆಯೊಳಗೆ ಒಂದು ಭಾಷೆ, ಸಂತೆಯಲ್ಲಿ ಇನ್ನೊಂದು. ನಿಪ್ಪಾಣಿ ಎಂದರೆ ತಂಬಾಕು. ಬಸ್ಸು ಊರೊಳಗೆ ಹೋಗುವ ಮೊದಲೇ ಘಾಟು ಮೂಗಿಗೆ ಬಡಿಯುತ್ತಿತ್ತು. ಹೊಲದಲ್ಲಿ ಒಣಗಿಸಿದ ಎಲೆ ವಖಾರಿಗೆ ಬರುತ್ತದೆ. ಅಲ್ಲಿ ಬಡಿದು, ಪುಡಿ ಮಾಡಿ, ಜರಡಿ ಹಿಡಿದು, ದಪ್ಪ ಸಣ್ಣ ಬೇರೆ ಮಾಡಿ ಬೀಡಿಗೆ ಕಳಿಸುತ್ತಾರೆ. ಜರಡಿಯ ಕೆಲಸವೆಲ್ಲ ಹೆಂಗಸರದು. ಸೆರಗಿನಿಂದ ಮೂಗು ಬಾಯಿ ಕಟ್ಟಿಕೊಂಡರೂ ಧೂಳು ಒಳಗೆ ಹೋಗುವುದು ತಪ್ಪುತ್ತಿರಲಿಲ್ಲ. ಎಂಬತ್ತರ ಆಸುಪಾಸಿನಲ್ಲಿ ಆ ಹೆಂಗಸರು ಕೆಲಸ ನಿಲ್ಲಿಸಿ ಹೊರಗೆ ಬಂದರು, ಸಂಘ ಕಟ್ಟಿದರು. ಅಸಂಘಟಿತ ಕೆಲಸಗಾರರು, ಅದರಲ್ಲೂ ಹೆಂಗಸರು, ಅಷ್ಟು ದೊಡ್ಡ ಸಂಖ್ಯೆಯಲ್ಲಿ ಒಗ್ಗೂಡಿದ್ದು ದೇಶದಲ್ಲೇ ಅಪರೂಪದ ಸಂಗತಿ. 1982ರ 'ತಂಬಾಕೂ ಚಾಕೀಲಾ ಊಬ ಆಲೀ' ಚಿತ್ರ ಅವರದು. 25 ನಿಮಿಷ, ಕಪ್ಪು ಬಿಳುಪು, ಮರಾಠಿ ಮಾತು.

ತಂಡದವರು ತಿಂಗಳುಗಟ್ಟಲೆ ನಿಪ್ಪಾಣಿಯಲ್ಲಿದ್ದು ಹೆಂಗಸರ ಮಾತು ಕೇಳಿದರು. ಏನು ತೆಗೆಯಬೇಕು ಎಂಬುದನ್ನೂ ಅವರೊಡನೆ ಮಾತಾಡಿಯೇ ಗೊತ್ತುಮಾಡಿದರು. ಇದರ ಹಿಂದಿನ ಕಷ್ಟ ಇಂದು ಮೊಬೈಲಿನಲ್ಲಿ ಗಂಟೆಗಟ್ಟಲೆ ರೆಕಾರ್ಡ್ ಮಾಡುವವರಿಗೆ ಅರ್ಥವಾಗುವುದು ಕಷ್ಟ. ಹದಿನಾರು ಎಂಎಂ ಫಿಲ್ಮಿನ 400 ಅಡಿಯ ಒಂದು ಸುರುಳಿ ಹನ್ನೊಂದು ನಿಮಿಷಕ್ಕೆ ಮುಗಿದುಹೋಗುತ್ತದೆ. ಫಿಲ್ಮಿಗೆ ದುಡ್ಡು, ತೊಳೆಸಲು ದುಡ್ಡು, ಪ್ರಿಂಟಿಗೆ ದುಡ್ಡು. ಕ್ಯಾಮೆರಾ ಓಡಲು ಶುರುವಾದ ಮೇಲೆ ಯಾರು ಏನು ಹೇಳುತ್ತಾರೋ ನೋಡೋಣ ಎನ್ನುವಂತಿಲ್ಲ. ಮೊದಲು ಕೂತು ಕೇಳಬೇಕು, ಯಾರ ಮಾತು ಎತ್ತ ಹೋಗುತ್ತದೆ ಎಂಬುದು ಮೈಗೂಡಬೇಕು, ಆಮೇಲೆ ಗುಂಡಿ ಒತ್ತಬೇಕು. ದುಡ್ಡಿಲ್ಲದ ತಂಡಕ್ಕೆ ಆ ಕಟ್ಟುಪಾಡೇ ಕೇಳುವ ಅಭ್ಯಾಸವನ್ನು ಗಟ್ಟಿ ಮಾಡಿರಬೇಕು. ಮೆಮೊರಿ ಕಾರ್ಡಿನ ಕಾಲ ಬಂದ ಮೇಲೂ ದೀಪಾ ಅವರು ಅದನ್ನು ಬಿಡಲಿಲ್ಲ.

ಈ ಚಿತ್ರವನ್ನು ನಾನು ನಮ್ಮ ಅತ್ತಿ, ಅಂದರೆ ಅಪ್ಪನ ಅಕ್ಕನಿಗೆ, ಲ್ಯಾಪ್‌ಟಾಪಿನಲ್ಲಿ ತೋರಿಸಿದೆ. ಅತ್ತಿ ಹರೆಯದಲ್ಲಿ ಕೆಲವು ವರ್ಷ ವಖಾರಿಗೆ ಹೋಗಿ ಬಂದವಳು. ಧೂಳು ಕಂಡರೆ ಹಳೆಯದೆಲ್ಲ ನೆನಪಾಗಿ ಏನಾದರೂ ಹೇಳುತ್ತಾಳೆ ಎಂದುಕೊಂಡಿದ್ದೆ. ಧೂಳಿನ ಬಗ್ಗೆ ಅವಳು ಏನೂ ಹೇಳಲಿಲ್ಲ. ಅದು ಅವಳಿಗೆ ಹೊಸದಲ್ಲ. ಹೆಂಗಸರು ಕೂತ ದೃಶ್ಯ ಬಂದಾಗ ಕನ್ನಡಕ ಸರಿ ಮಾಡಿಕೊಂಡು ಮುಂದೆ ಬಾಗಿದಳು. ಪರದೆಯ ಅಂಚಿನಲ್ಲಿ ಕೂತಿದ್ದ ಒಬ್ಬಳ ಕಡೆ ಬೆರಳು ಮಾಡಿದಳು.

"ಈಕೀನ್ನ ನೋಡು. ಬಾಯಿ ಬಿಡವಲ್ಲಳು. ಆದ್ರ ಉಳದಾವ್ರೆಲ್ಲಾ ಮಾತಾಡಿ ಈಕಿ ಮಾರೀನ ನೋಡಾಕತ್ತಾರ. ಇವ್ರನ್ನೆಲ್ಲಾ ಕರಕೊಂಡು ಬಂದಾಕಿ ಈಕೀನ ಇರಬೇಕ್ ತಗೋ."

ನಾನು ಅದೇ ದೃಶ್ಯವನ್ನು ಅದಕ್ಕೂ ಮೊದಲು ನೋಡಿದ್ದೆ. ನನ್ನ ಕಣ್ಣು ಮಾತಾಡುವವಳ ಮೇಲೆಯೇ ಇತ್ತು. ಅತ್ತಿ ಹೇಳಿದ ಮೇಲೆ ಮತ್ತೆ ಹಾಕಿ ನೋಡಿದೆ: ಮಾತು ಮುಗಿಸಿದವರು ಒಂದು ಚಣ ಆ ಅಂಚಿನ ಕಡೆ ತಿರುಗುತ್ತಾರೆ. ಅವಳು ಅಲ್ಲಾಡುವುದಿಲ್ಲ. ಒಬ್ಬೊಬ್ಬರ ಕ್ಲೋಸಪ್ಪಿಗಾಗಿ ಆ ಕೂಟವನ್ನು ಕತ್ತರಿಸಿದ್ದರೆ ಅವಳು ಚಿತ್ರದಲ್ಲಿ ಉಳಿಯುತ್ತಲೇ ಇರಲಿಲ್ಲ, ಅತ್ತಿಗೆ ತೋರಿಸಲು ಏನೂ ಇರುತ್ತಿರಲಿಲ್ಲ.

ಯುಗಾಂತರದ ಮೊದಲ ಚಿತ್ರ 'ಮೋಲಕರೀನ್', 1981ರದು, ಪುಣೆಯ ಮನೆಗೆಲಸದವರ ಬಗ್ಗೆ. ಅಲ್ಲಿನ ಹೆಂಗಸರು 1980ರಲ್ಲಿ ಕೆಲಸ ನಿಲ್ಲಿಸಿ ಬೀದಿಗಿಳಿದು, ಆಮೇಲೆ ಸಂಘ ಮಾಡಿಕೊಂಡರು. ಬೇರೆ ಬೇರೆ ಮನೆಯ ಅಡುಗೆಮನೆಗಳಲ್ಲಿ ಒಬ್ಬೊಬ್ಬಳೇ ಪಾತ್ರೆ ತಿಕ್ಕುವವರು ಒಟ್ಟು ಸೇರುವುದೇ ಒಂದು ಸಾಹಸ. ಕಾರ್ಖಾನೆಯವರಿಗಿದ್ದಂತೆ ಅವರಿಗೆ ಒಂದು ಗೇಟೂ ಇಲ್ಲ. ಈ ಚಿತ್ರಗಳು ಟಾಕೀಸಿಗೆ ಬರಲಿಲ್ಲ. ಪ್ರೊಜೆಕ್ಟರ್, ಪರದೆ ಹೊತ್ತು ಬಸ್ತಿಗಳಿಗೆ, ಸಂಘಗಳ ಸಭೆಗಳಿಗೆ ಒಯ್ದು ತೋರಿಸಿದರು. ಪರದೆ ಮೇಲಿನ ಹೆಂಗಸರು ಮಾತು ಮುಗಿಸಿದಲ್ಲಿಂದ ನೋಡುವವರ ಮಾತು ಶುರುವಾಗಬೇಕು ಎಂಬುದೇ ಅವರ ಲೆಕ್ಕ. ನಮ್ಮ ರಾಜ್ಯ ಮನೆಗೆಲಸಕ್ಕೂ ಕನಿಷ್ಠ ವೇತನ ಗೊತ್ತುಮಾಡಿದ್ದು 2004ರಲ್ಲಿ. ಅದರ ಹಿಂದೆ ಇದ್ದದ್ದು ಇಲ್ಲಿನ ಸಂಘಗಳ ಹೋರಾಟ, ಯಾವ ಚಿತ್ರವೂ ಅದನ್ನು ತಂದುಕೊಡಲಿಲ್ಲ. ಆದರೆ ಹೆಂಗಸರು ಕೂತು ಲೆಕ್ಕ ಹಾಕುವುದನ್ನು ಇನ್ನೊಂದು ಊರಿನ ಹೆಂಗಸರಿಗೆ ತೋರಿಸುವುದು ಸಣ್ಣ ಕೆಲಸವೇನಲ್ಲ.

1983ರ 'ಇದಿ ಕಥಾ ಮಾತ್ರಮೇನಾ' ಇನ್ನೊಂದು ಬಗೆಯದು. ಹೈದರಾಬಾದಿನ ಸ್ತ್ರೀ ಶಕ್ತಿ ಸಂಘಟನೆಯವರ ಜೊತೆ ಸೇರಿ ಮನೆಯೊಳಗಿನ ಹೊಡೆತ ಬಡಿತದ ಬಗ್ಗೆ ಮಾಡಿದ್ದು. ಗಂಡ ಹೆಂಡತಿಯನ್ನು ಹೊಡೆಯುವಾಗ ಕ್ಯಾಮೆರಾ ಅಲ್ಲಿರುವುದಿಲ್ಲ, ಇರಲೂ ಬಾರದು. ಹೊಡೆತ ತಿಂದವಳನ್ನು ಕ್ಯಾಮೆರಾದ ಎದುರು ಕೂರಿಸಿ ಅದನ್ನೆಲ್ಲ ಮತ್ತೆ ಹೇಳಿಸುವುದು ಅವಳಿಗೆ ಇನ್ನೊಂದು ಹಿಂಸೆ. ಅದಕ್ಕೇ ತಮ್ಮ ತಮ್ಮಲ್ಲಿ ಮಾತಾಡಿಕೊಂಡ ಅನುಭವಗಳನ್ನೆಲ್ಲ ಸೇರಿಸಿ ಕಥೆ ಕಟ್ಟಿ, ಸಂಘಟನೆಯ ಹೆಂಗಸರೇ ನಟಿಸಿದರು. ಸಾಕ್ಷ್ಯಚಿತ್ರವೋ ಕಥಾಚಿತ್ರವೋ ಎಂಬ ಜಗಳ ನನಗೆ ಬೇಡ. ನಿಜವಾದ ಬದುಕನ್ನು ಹೇಳುವವರಿಗೆ ಯಾರ ಮುಖವನ್ನು ತೋರಿಸಬಾರದು ಎಂಬ ತಿಳಿವಳಿಕೆಯೂ ಬೇಕು. ಈ ಚಿತ್ರದ ಕಟ್ಟೋಣದಲ್ಲೇ ಅದು ಇದೆ.

ಆಮೇಲೆ 1986ರಲ್ಲಿ 'ಕ್ಯಾ ಹುವಾ ಇಸ್ ಶಹರ್ ಕೋ?' ಬಂತು. 1984ರ ಹೈದರಾಬಾದ್ ಕೋಮುಗಲಭೆಯ ಚಿತ್ರ. ಗಣೇಶನ ಮೆರವಣಿಗೆ, ವೇದಿಕೆಯ ಮೇಲಿನ ಎರಡೂ ಕಡೆಯ ಭಾಷಣ, ಎನ್‌ಟಿಆರ್ ಸರ್ಕಾರವನ್ನು ಬೀಳಿಸಿದ ರಾಜಕಾರಣ ಎಲ್ಲ ಅದರಲ್ಲಿದೆ. ನನ್ನ ಮನಸ್ಸಿನಲ್ಲಿ ನಿಂತದ್ದು ಕರ್ಫ್ಯೂ. ದಿನಗೂಲಿಯವನಿಗೆ ಕರ್ಫ್ಯೂ ಎಂದರೆ ಹಸಿವು, ಅಷ್ಟೇ. ಆ ಮನೆಗಳ ಮಾತು ಮುಂದೆ ನಮ್ಮ ಎಷ್ಟೋ ಊರುಗಳಿಗೆ ಬಂದದ್ದನ್ನು ಕಂಡವರಿಗೆ ಆ ಚಿತ್ರ ಹಳೆಯದು ಅನ್ನಿಸುವುದಿಲ್ಲ.

ಅವರ ಚಿತ್ರಗಳಲ್ಲಿ ಒಂದನ್ನೇ ನೋಡಲು ನಿಮಗೆ ಹೊತ್ತಿದೆ ಎಂದರೆ ನಾನು 1991ರ 'ಸಮ್‌ಥಿಂಗ್ ಲೈಕ್ ಎ ವಾರ್' ನೋಡಿ ಎನ್ನುತ್ತೇನೆ. ನಮ್ಮ ದೇಶದ ಕುಟುಂಬ ಯೋಜನೆಯ ಕಥೆ ಅದು. 1952ರಲ್ಲಿ ಶುರುವಾದ ಕಾರ್ಯಕ್ರಮ ತುರ್ತು ಪರಿಸ್ಥಿತಿಯ ಹೊತ್ತಿಗೆ ಗುರಿ ಮುಟ್ಟುವ ಓಟವಾಗಿತ್ತು. 1976-77ರ ಒಂದೇ ವರ್ಷದಲ್ಲಿ 80 ಲಕ್ಷಕ್ಕೂ ಹೆಚ್ಚು ಸಂತಾನಹರಣ ಶಸ್ತ್ರಚಿಕಿತ್ಸೆಗಳು ನಡೆದವು, ಅವುಗಳಲ್ಲಿ ಮುಕ್ಕಾಲು ಗಂಡಸರದು. ಚುನಾವಣೆಯಲ್ಲಿ ಸರ್ಕಾರ ಬಿತ್ತು. ಗಂಡಸರ ಮೈಗೆ ಕೈ ಹಚ್ಚಿದರೆ ವೋಟು ಹೋಗುತ್ತದೆ ಎಂಬುದು ಎಲ್ಲ ಪಕ್ಷಗಳಿಗೂ ಗೊತ್ತಾಯಿತು. ಅಲ್ಲಿಂದ ಮುಂದೆ ಆ ಹೊರೆ ಹೆಂಗಸರ ಹೊಟ್ಟೆಯ ಮೇಲೆ ಬಿತ್ತು, ಇಂದಿಗೂ ಇಳಿದಿಲ್ಲ.

ಚಿತ್ರದಲ್ಲಿ ಎರಡು ಲೋಕಗಳಿವೆ. ಒಂದು, ಸಂತಾನಹರಣ ಶಸ್ತ್ರಚಿಕಿತ್ಸೆಯ ಕ್ಯಾಂಪು. ಸಾಲಾಗಿ ಹೆಂಗಸರು, ಒಬ್ಬಳನ್ನು ಇಳಿಸಿ ಇನ್ನೊಬ್ಬಳನ್ನು ಮೇಜಿಗೆ ಹತ್ತಿಸುವ ಅವಸರ, ತಮ್ಮ ಕೈಚಳಕದ ವೇಗವನ್ನು ಹೆಮ್ಮೆಯಿಂದ ಹೇಳಿಕೊಳ್ಳುವ ವೈದ್ಯರು. ಇನ್ನೊಂದು ಲೋಕದಲ್ಲಿ ಅದೇ ವಯಸ್ಸಿನ, ಅದೇ ಬಗೆಯ ಹಳ್ಳಿಯ ಹೆಂಗಸರು ನೆಲದ ಮೇಲೆ ಕೂತು ಹೆಣ್ಣಿನ ಮೈಯ ಚಿತ್ರ ಬಿಡಿಸುತ್ತಾರೆ. ಮುಟ್ಟು, ಬಸಿರು, ಆಸೆ, ಗಂಡ, ಸತ್ತ ಕೂಸುಗಳು, ಎಲ್ಲದರ ಬಗ್ಗೆ ಮಾತು. ನಾಚಿಕೊಳ್ಳುತ್ತಾರೆ, ಆಮೇಲೆ ನಾಚಿಕೆ ಬಿಟ್ಟು ನಗುತ್ತಾರೆ. ಮಕ್ಕಳು ಎಷ್ಟು ಬೇಕು, ಯಾಕೆ ಬೇಕು ಎಂದು ಲೆಕ್ಕ ಹೇಳುತ್ತಾರೆ. ಯೋಜನೆಯ ಕಡತದಲ್ಲಿ ಅವರು ತಿಳಿಗೇಡಿಗಳು, ಪರದೆಯ ಮೇಲೆ ಅವರ ಲೆಕ್ಕ ಕಡತದ ಲೆಕ್ಕಕ್ಕಿಂತ ಚೊಕ್ಕ. ಈ ಎರಡು ಲೋಕಗಳ ನಡುವೆ ಚಿತ್ರ ಹೋಗಿ ಬರುತ್ತದೆ. ನಗುವ ಹೆಂಗಸರಿಂದ ಕ್ಯಾಂಪಿನ ಮೇಜಿಗೆ ಬಂದಾಗ, ಮಲಗಿದವಳ ಮುಖ ನಮಗೆ ಗೊತ್ತಿರುವ ಮುಖವಾಗಿರುತ್ತದೆ. ಅವಳನ್ನು ನಾವು ಈ ಮೊದಲು ಕಂಡಿರುವುದಿಲ್ಲ. ಆದರೂ ಅವಳಿಗೊಂದು ಮನೆಯಿದೆ, ಅವಳಿಗೊಂದು ಲೆಕ್ಕವಿದೆ, ಅದನ್ನು ಕೇಳಿದವರಿಲ್ಲ ಎಂದು ತಿಳಿದಿರುತ್ತದೆ. ಎಡಿಟಿಂಗ್ ಎಂಬ ಕೆಲಸ ಇಷ್ಟನ್ನು ಮಾಡಬಲ್ಲದು ಎಂದು ನನಗೆ ತೋರಿಸಿಕೊಟ್ಟ ಚಿತ್ರ ಅದು.

2014ರ ನವೆಂಬರಿನಲ್ಲಿ ಛತ್ತೀಸಗಢದ ಬಿಲಾಸ್‌ಪುರದ ಹತ್ತಿರ ಪಾಳುಬಿದ್ದ ಆಸ್ಪತ್ರೆಯೊಂದರಲ್ಲಿ ಕೆಲವೇ ಗಂಟೆಗಳಲ್ಲಿ 83 ಹೆಂಗಸರಿಗೆ ಶಸ್ತ್ರಚಿಕಿತ್ಸೆ ಮಾಡಿದರು. ಹದಿಮೂರು ಹೆಂಗಸರು ಸತ್ತರು. ಸುದ್ದಿ ಓದಿದಾಗ ನನಗೆ ಈ ಚಿತ್ರದ ಮೇಜು ಕಣ್ಣ ಮುಂದೆ ಬಂತು. ಚಿತ್ರ ಬಂದು ಆಗಲೇ 23 ವರ್ಷ. 2016ರಲ್ಲಿ ಸುಪ್ರೀಂ ಕೋರ್ಟು, ಮೂರು ವರ್ಷದೊಳಗೆ ಇಂಥ ಕ್ಯಾಂಪುಗಳನ್ನು ನಿಲ್ಲಿಸಿ ಎಂದು ಹೇಳಬೇಕಾಯಿತು.

ಒಬ್ಬ ವ್ಯಕ್ತಿಯ ಬಗ್ಗೆ ದೀಪಾ ಅವರು ಚಿತ್ರ ಮಾಡಿಲ್ಲವೆಂದಲ್ಲ. 2007ರ 'ದಿ ಅಡ್ವೊಕೇಟ್' ಆಂಧ್ರದ ಮಾನವ ಹಕ್ಕುಗಳ ವಕೀಲ ಕೆ.ಜಿ. ಕಣ್ಣಬಿರಾನ್ ಅವರದು. ಆದರೂ ಅವರು ಯಾರ ಪರವಾಗಿ ವಾದಿಸಿದರೋ ಆ ಜನರ ಕಾಲವೇ ಆ ಚಿತ್ರದಲ್ಲಿ ತುಂಬಿಕೊಂಡಿದೆ. 2011ರ 'ಇನ್‌ವೋಕಿಂಗ್ ಜಸ್ಟಿಸ್' ಮತ್ತೆ ಕೂಟಕ್ಕೇ ಬರುತ್ತದೆ. ತಮಿಳುನಾಡಿನ ಊರುಗಳಲ್ಲಿ ಮಸೀದಿಗೆ ಸೇರಿದ ಗಂಡಸರ ಜಮಾತು ತಲಾಖ್, ಮೆಹರ್ (ಮದುವೆಯಲ್ಲಿ ಗಂಡ ಹೆಂಡತಿಗೆ ಕೊಡಬೇಕಾದದ್ದು), ಗಂಡ ಹೆಂಡಿರ ಜಗಳಗಳನ್ನೆಲ್ಲ ತೀರ್ಮಾನಿಸುತ್ತದೆ. ಯಾರ ಬದುಕಿನ ಪ್ರಶ್ನೆಯೋ ಆ ಹೆಂಗಸಿಗೆ ಅಲ್ಲಿ ಬಾಯಿಲ್ಲ. 2004ರಲ್ಲಿ ಪುದುಕೋಟೈ ಕಡೆಯ ಹೆಂಗಸರು ದಾವೂದ್ ಶರೀಫಾ ಖಾನಂ ಅವರ ಮುಂದಾಳತ್ವದಲ್ಲಿ ತಮ್ಮದೇ ಜಮಾತು ಮಾಡಿಕೊಂಡರು. ದೂರು ತಂದವಳ ಮಾತು ಕೇಳುತ್ತಾರೆ, ಗಂಡನ ಕಡೆಯವರನ್ನು ಕರೆಸುತ್ತಾರೆ, ಪೊಲೀಸ್ ಠಾಣೆಗೂ ಹೋಗುತ್ತಾರೆ. ಅಲ್ಲಿ ಕೂತ ಹೆಂಗಸರು ಒಬ್ಬರನ್ನೊಬ್ಬರು ಒಪ್ಪಿಕೊಂಡೇ ಇರುತ್ತಾರೆ ಎಂದೇನಿಲ್ಲ, ಜಗಳವನ್ನೂ ದೀಪಾ ಮುಚ್ಚಿಡುವುದಿಲ್ಲ. ಪಂಚಾಯಿತಿ ಕಟ್ಟೆಗಳನ್ನು ಕಂಡ ನಮ್ಮಂಥವರಿಗೆ ಈ ಚಿತ್ರ ಬೇರೆಯೇ ರುಚಿ ಕೊಡುತ್ತದೆ.

ಸಂಶೋಧನಾ ವಿದ್ಯಾರ್ಥಿ ರೋಹಿತ್ ವೇಮುಲ 2016ರ ಜನವರಿ 17ರಂದು ಹೈದರಾಬಾದ್ ವಿಶ್ವವಿದ್ಯಾಲಯದಲ್ಲಿ ತೀರಿಕೊಂಡ ಮೇಲೆ ಎದ್ದ ವಿದ್ಯಾರ್ಥಿ ಚಳವಳಿಯ ಬಗ್ಗೆ ಅವರು ಮಾಡಿದ ಚಿತ್ರ 'ವಿ ಹ್ಯಾವ್ ನಾಟ್ ಕಮ್ ಹಿಯರ್ ಟು ಡೈ', 2018ರದು. ಟಿವಿಯವರು ರೋಹಿತ್ ಅವರನ್ನು ಒಂದು ಕಣ್ಣೀರಿನ ಕಥೆ ಮಾಡಿ ಮುಗಿಸಲು ಹೊರಟಿದ್ದರು. ಈ ಚಿತ್ರದಲ್ಲಿ ಅವರ ಗೆಳೆಯರಿದ್ದಾರೆ, ತಾಯಿ ರಾಧಿಕಾ ವೇಮುಲ ಇದ್ದಾರೆ, ಊರೂರಿನ ದಲಿತ ವಿದ್ಯಾರ್ಥಿಗಳಿದ್ದಾರೆ. ಸತ್ತವರ ಹೆಸರಿನಲ್ಲಿ ಬದುಕಿರುವವರು ಏನು ಮಾತಾಡಿಕೊಂಡರು, ಏನು ಮಾಡಲು ಹೊರಟರು ಎಂಬುದರ ಕಡೆಗೇ ಚಿತ್ರದ ಕಣ್ಣು.

ನನ್ನ ಕಸುಬಿನಲ್ಲಿ ಈಗ ಎಲ್ಲ ಕಡೆ ಕೇಳುವುದು ಒಂದೇ ಮಾತು: ಕ್ಯಾರೆಕ್ಟರ್ ಯಾರು? ಸಂಸ್ಥೆಗಳಿಗೆ, ಪ್ರತಿಷ್ಠಾನಗಳಿಗೆ, ಓಟಿಟಿಯವರಿಗೆ ಒಬ್ಬರು ಬೇಕು. ಅವರಿಗೊಂದು ಕಷ್ಟ, ಒಂದು ತಿರುವು, ಕೊನೆಗೆ ಸೂರ್ಯನ ಬೆಳಕಿನಲ್ಲಿ ಒಂದು ಮುಗುಳ್ನಗೆ. ಅಂಥ ವಿಡಿಯೊಗಳನ್ನು ನಾನೂ ಕಟ್ಟಿಕೊಟ್ಟಿದ್ದೇನೆ. ಅವುಗಳಿಂದ ಆ ಒಬ್ಬರಿಗೆ ಒಳ್ಳೆಯದಾದದ್ದೂ ಇದೆ. ಆದರೆ ಒಬ್ಬಳ ಕಥೆ ಎಂದು ಹೇಳಿದ ಕೂಡಲೇ ಅವಳ ಕಷ್ಟ ಅವಳ ಹಣೆಬರಹವಾಗುತ್ತದೆ, ಅವಳು ಗೆದ್ದದ್ದು ಅವಳ ಛಲವಾಗುತ್ತದೆ. ಕೂಲಿ ಕೊಡದ ಯಜಮಾನ, ಗುರಿ ಕೊಟ್ಟ ಇಲಾಖೆ, ಜೊತೆಗೆ ನಿಂತ ನೆರೆಮನೆಯವಳು ಎಲ್ಲರೂ ಚೌಕಟ್ಟಿನ ಆಚೆಗೆ ಜಾರುತ್ತಾರೆ. ನಿಪ್ಪಾಣಿಯ ಚಿತ್ರ ನೋಡಿದವರು ಧೂಳಿಗೆ ಯಾರು ಹೊಣೆ ಎಂದು ಕೇಳದೆ ಏಳುವುದಿಲ್ಲ.

2016ರ ಏಪ್ರಿಲ್ 18 ಮತ್ತು 19ರಂದು ಬೆಂಗಳೂರಿನ ಗಾರ್ಮೆಂಟ್ಸ್ ಹೆಂಗಸರು ಪಿಎಫ್ ಹಣದ ಹೊಸ ನಿಯಮದ ವಿರುದ್ಧ ಬೀದಿಗೆ ಬಂದದ್ದು ಈ ಊರಿನವರಿಗೆ ನೆನಪಿರುತ್ತದೆ. ಮಾಲೀಕರ ಪಾಲಿನ ಹಣ 58 ವಯಸ್ಸಾಗುವವರೆಗೆ ಕೈಗೆ ಸಿಗುವುದಿಲ್ಲ ಎಂಬ ನಿಯಮ ಅದು. ಮೂವತ್ತೈದು ನಲವತ್ತಕ್ಕೇ ಬೆನ್ನು ಬಿದ್ದು ಕೆಲಸ ಬಿಡುವವರಿಗೆ 58 ಎಂದರೆ ಏನರ್ಥ? ಯಾವ ದೊಡ್ಡ ನಾಯಕರೂ ಕರೆ ಕೊಟ್ಟಿರಲಿಲ್ಲ. ಹೊಸೂರು ರಸ್ತೆ ಬಂದ್ ಆಯಿತು, ಮರುದಿನ ಪೀಣ್ಯ, ಜಾಲಹಳ್ಳಿ ಕಡೆಗೂ ಹಬ್ಬಿತು, ಆ ಸಂಜೆಯೇ ಕೇಂದ್ರ ಸರ್ಕಾರ ನಿಯಮ ವಾಪಸ್ ತೆಗೆದುಕೊಂಡಿತು. ಎರಡೇ ದಿನದಲ್ಲಿ ದೇಶದ ನಿಯಮವನ್ನೇ ಬದಲಿಸಿದವರು ಅವರು. ನಾನು ಟಿವಿಯಲ್ಲಿ ಕಂಡದ್ದು ಸುಟ್ಟ ಬಸ್ಸು, ಕಲ್ಲು, ಲಾಠಿ, ಟ್ರಾಫಿಕ್ ಜಾಮ್. ಆ ಮಾತು ಯಾವ ವಠಾರದ ನಲ್ಲಿಯ ಹತ್ತಿರ, ಯಾವ ಫ್ಯಾಕ್ಟರಿಯ ಊಟದ ಹೊತ್ತಿನಲ್ಲಿ ಹುಟ್ಟಿತು? ಅಂಚಿನಲ್ಲಿ ಸುಮ್ಮನೆ ಕೂತಿದ್ದವಳು ಯಾರು? ಅತ್ತಿ ಆ ಮಾತು ಹೇಳಿದ ಮೇಲೆ ಇಂಥ ಸುದ್ದಿ ನೋಡುವಾಗೆಲ್ಲ ನನಗೆ ಹುಟ್ಟುವ ಪ್ರಶ್ನೆ ಇದು.

ನವ್ರೋಜ್ ಕಾಂಟ್ರಾಕ್ಟರ್ 2023ರ ಜೂನಿನಲ್ಲಿ ರಸ್ತೆ ಅಪಘಾತದಲ್ಲಿ ತೀರಿಕೊಂಡರು. ಮಣಿ ಕೌಲ್ ಅವರ 'ದುವಿಧಾ' ಚಿತ್ರದ ಛಾಯಾಗ್ರಹಣಕ್ಕಾಗಿ ಅವರನ್ನು ನೆನೆಯುವವರು ಬಹಳ. ದೀಪಾ ಅವರ ಬಾಳಸಂಗಾತಿಯಾಗಿ ಅವರು ವಖಾರಿಯ ಧೂಳಿನಲ್ಲೂ ಕ್ಯಾಂಪಿನ ಮೇಜಿನ ಹತ್ತಿರವೂ ಕ್ಯಾಮೆರಾ ಹಿಡಿದು ನಿಂತದ್ದನ್ನು ನಾನು ಮೊದಲು ನೆನೆಯುತ್ತೇನೆ. ಕೂತವರ ನಡುವೆ ಕ್ಯಾಮೆರಾ ಹಿಡಿದ ಗಂಡಸೊಬ್ಬ ಇದ್ದಾನೆ ಎಂಬುದನ್ನು ಅಷ್ಟು ಹೆಂಗಸರು ಮರೆತು ಮಾತಾಡಬೇಕಾದರೆ ಅವರ ಇರವು ಹೇಗಿದ್ದಿರಬೇಕು!

ಯುಗಾಂತರದ ಹಳೆಯ ಫಿಲ್ಮುಗಳನ್ನು ಬರ್ಲಿನ್ನಿನ ಆರ್ಸೆನಾಲ್ ಸಂಸ್ಥೆಯವರು ಕಾಪಾಡಿ, ಡಿಜಿಟಲ್ ರೂಪಕ್ಕೆ ತಂದಿದ್ದಾರೆ. ಅವರಿಗೆ ನಾನು ಋಣಿ. ಆದರೆ ಬೆಂಗಳೂರಿನಲ್ಲಿ ಕೂತು ಕಟ್ಟಿದ, ಬೆಳಗಾವಿ ಜಿಲ್ಲೆಯಲ್ಲಿ ತೆಗೆದ ಚಿತ್ರವನ್ನು ಉಳಿಸಲು ಜರ್ಮನಿಯವರು ಬರಬೇಕಾಯಿತು ಎಂಬುದು ನನ್ನನ್ನು ಚುಚ್ಚುತ್ತದೆ. ಮರಾಠಿ, ತೆಲುಗು, ಹಿಂದಿ, ತಮಿಳು ಮಾತಿನ ಈ ಚಿತ್ರಗಳು ಕನ್ನಡದಲ್ಲಿ ಕೇಳುವಂತಾಗಬೇಕು. ಅಡಿಬರಹ ಸಾಲದು, ಓದಲು ಬಾರದವರಿಗೆ ದನಿಯೇ ಬೇಕು. ನಿಪ್ಪಾಣಿಯ ಚಿತ್ರಕ್ಕಂತೂ ಚಿಕ್ಕೋಡಿ ಕಡೆಯ ಹೆಂಗಸರ ದನಿಯೇ ಆಗಬೇಕು. ಬಾಡಿಗೆಗೆ ಸಿಗುವ ಪ್ರೊಜೆಕ್ಟರ್, ಒಂದು ಬಿಳಿ ಪಂಚೆ, ಪೀಣ್ಯದ ಯಾವುದಾದರೂ ವಠಾರದಲ್ಲಿ ಭಾನುವಾರ ಮಧ್ಯಾಹ್ನ, ಬಟ್ಟೆ ಒಗೆದು ಮುಗಿದ ಮೇಲೆ. ಚಿತ್ರ 25 ನಿಮಿಷದ್ದು. ಅದು ಮುಗಿದ ಮೇಲೆ ಒಂದು ಗಂಟೆಯಾದರೂ ಯಾರೂ ಚಾಪೆ ಮಡಚಬಾರದು. ದನಿ ಕೊಡುವವರು, ಜಾಗ ಕೊಡುವವರು, ಅನುಮತಿಯ ಕಾಗದ ಪತ್ರ ನೋಡಿಕೊಳ್ಳುವವರು ಇದ್ದರೆ ಬರೆಯಿರಿ, ಎಡಿಟಿಂಗ್ ಕೆಲಸ ನನ್ನದಿರಲಿ.